ಇಪ್ಪತ್ತೆಂಟು ಉಳಿಸು: ಫ್ರಾಂಕ್‌ಫರ್ಟಿನಲ್ಲಿ ಡಾರ್ಟ್ಸ್ ವಿಶ್ವಕಪ್

ಗುರುವಾರ, ಜೂನ್ 27

2024ರ ಜೂನ್ ಕೊನೆಯ ವಾರ ಜರ್ಮನಿಯ ಯಾವ ರೈಲು ಹತ್ತಿದರೂ ಫುಟ್‌ಬಾಲ್ ಜೆರ್ಸಿಗಳೇ. ಯೂರೋ ಕಪ್ ನಡೆಯುತ್ತಿತ್ತು. ಹಿಂದಿನ ದಿನವಷ್ಟೇ ಫ್ರಾಂಕ್‌ಫರ್ಟಿನಲ್ಲಿ ರುಮೇನಿಯಾ ಮತ್ತು ಸ್ಲೊವಾಕಿಯಾ 1–1 ಡ್ರಾ ಮಾಡಿಕೊಂಡು ಎರಡೂ ಮುಂದಿನ ಸುತ್ತಿಗೆ ಹೋಗಿದ್ದವು. ಸ್ಟುಟ್‌ಗಾರ್ಟಿನಿಂದ ಬಂದು ಫ್ರಾಂಕ್‌ಫರ್ಟಿನ ದೊಡ್ಡ ನಿಲ್ದಾಣದಲ್ಲಿ ಇಳಿದಾಗ ಹಳದಿ ಅಂಗಿಯವರು ಇನ್ನೂ ಮೂಟೆ ಕಟ್ಟಿಕೊಂಡು ನೆಲದ ಮೇಲೆ ಕೂತಿದ್ದರು. ರೈಲು ತಡವಾಗಿತ್ತು. ಈ ದೇಶದಲ್ಲಿ ಅದು ಸುದ್ದಿಯಲ್ಲ ಬಿಡಿ.

ನಾನು ಬಂದದ್ದು ಡಾರ್ಟ್ಸ್ ನೋಡೋಕೆ. ಅದೂ ಒಬ್ಬೊಬ್ಬರೇ ಆಡುವ ಡಾರ್ಟ್ಸ್ ಅಲ್ಲ. ದೇಶಕ್ಕೊಂದು ಜೋಡಿ ಬಂದು ಆಡುವ ವಿಶ್ವಕಪ್. ವೃತ್ತಿಪರ ಡಾರ್ಟ್ಸ್ ನಡೆಸುವ ಪಿಡಿಸಿ ಸಂಸ್ಥೆ ಇದನ್ನು 2010ರಲ್ಲಿ ನೆದರ್ಲೆಂಡ್ಸ್‌ನ ಹೌಟೆನ್ ಊರಲ್ಲಿ ಶುರು ಮಾಡಿತು. ಆಮೇಲೆ ಹ್ಯಾಂಬರ್ಗ್, ಫ್ರಾಂಕ್‌ಫರ್ಟ್, ಸಾಲ್ಜ್‌ಬರ್ಗ್, ಯೇನಾ ಅಂತ ಸುತ್ತಿ ಮತ್ತೆ ಫ್ರಾಂಕ್‌ಫರ್ಟಿಗೇ ಬಂದಿದೆ. ಆಟದ ತವರು ಇಂಗ್ಲೆಂಡ್. ಆದರೆ ವಿಶ್ವಕಪ್ಪಿನ ಮನೆ ಈಗ ಜರ್ಮನಿ. ಇಲ್ಲಿನ ಜನ ದುಡ್ಡು ಕೊಟ್ಟು ಬಂದು, ಗಂಟೆಗಟ್ಟಲೆ ಕೂತು, ಕುಡಿದು, ಹಾಡಿ, ಗಂಟಲು ಹರಿದುಕೊಂಡು ಹೋಗುತ್ತಾರೆ.

ಉಳಿದುಕೊಂಡದ್ದು ಬೊಕೆನ್‌ಹೈಮ್ ಬಡಾವಣೆಯಲ್ಲಿ, ಗೆಳೆಯನ ಮನೆಯಲ್ಲಿ. ಹಾಸನದ ಕಡೆಯವನು, ಇಲ್ಲಿ ಬ್ಯಾಂಕೊಂದರ ಸಾಫ್ಟ್‌ವೇರ್ ನೋಡಿಕೊಳ್ಳುತ್ತಾನೆ. ಯೂರೋ ಕಪ್ಪಿನ ಗಲಾಟೆಯಲ್ಲಿ ಹೋಟೆಲ್ ಬಾಡಿಗೆ ಕೇಳುವ ಹಾಗಿರಲಿಲ್ಲ. ಗೆಳೆಯ ಬಾಗಿಲು ತೆಗೆದವನೇ ಕೇಳಿದ: "ಗೋಡೆಗೆ ಸೂಜಿ ಹೊಡೆಯೋದು ನೋಡೋಕೆ ಟಿಕೆಟ್ ತಗೊಂಡಿದೀಯಾ? ಈ ವಾರನೇ ಸಿಕ್ತಾ ನಿಂಗೆ?"

ಅವನ ಸಿಟ್ಟಿಗೆ ಕಾರಣ ಇತ್ತು. ಆ ಸಂಜೆ ಟಿ20 ವಿಶ್ವಕಪ್ ಸೆಮಿಫೈನಲ್. ಗಯಾನಾದಲ್ಲಿ ಭಾರತ–ಇಂಗ್ಲೆಂಡ್. ಡಾರ್ಟ್ಸ್ ವಿಶ್ವಕಪ್ಪಿನ ಮೊದಲ ದಿನವೂ ಅದೇ ಸಂಜೆ. ಗುರುವಾರದ ಟಿಕೆಟ್ ನನಗೆ ಸಿಕ್ಕಿರಲಿಲ್ಲ, ಹಾಗಾಗಿ ಜಗಳ ಆಗಲಿಲ್ಲ. ಟಿವಿಯಲ್ಲಿ ಕ್ರಿಕೆಟ್, ನನ್ನ ಲ್ಯಾಪ್‌ಟಾಪಿನಲ್ಲಿ ಡಾರ್ಟ್ಸ್, ಮಧ್ಯದಲ್ಲಿ ಬಿಸಿ ಬೇಳೆ ಬಾತ್. ಗಯಾನಾದಲ್ಲಿ ಮಳೆ ಬಂದಾಗೆಲ್ಲ ಗೆಳೆಯ ನನ್ನ ಕಡೆ ಬಗ್ಗಿ "ಇವರದ್ದೇನು ಲೆಕ್ಕ?" ಅಂತ ಕೇಳುತ್ತಿದ್ದ.

ಲೆಕ್ಕ ಹೇಳಿದೆ. 501ರಿಂದ ಶುರು. ಒಂದು ಸರದಿಗೆ ಮೂರು ಡಾರ್ಟ್. ಹೊಡೆದಷ್ಟು ಕಳೆಯುತ್ತಾ ಸರಿಯಾಗಿ ಸೊನ್ನೆಗೆ ಬರಬೇಕು. ಕೊನೆಯ ಡಾರ್ಟ್ ಮಾತ್ರ ಹೊರ ಅಂಚಿನ ಸಣ್ಣ ಪಟ್ಟಿಗೇ, ಅಂದರೆ ಅಂಕ ಎರಡರಷ್ಟಾಗುವ 'ಡಬಲ್'ಗೇ ಬೀಳಬೇಕು. ಹಾಗೆ ಮುಗಿಸಿದರೆ ಒಂದು 'ಲೆಗ್' ಗೆದ್ದ ಹಾಗೆ. ಒಳಗಿನ ಇನ್ನೊಂದು ಸಣ್ಣ ಪಟ್ಟಿಯಲ್ಲಿ ಅಂಕ ಮೂರರಷ್ಟು, 20ಕ್ಕೆ 60. ಹಾಗಾಗಿ ಒಂದು ಸರದಿಯಲ್ಲಿ ಹೆಚ್ಚೆಂದರೆ 180. ಒಂದೇ ಸರದಿಯಲ್ಲಿ ಮುಗಿಸಬಹುದಾದ ದೊಡ್ಡ ಸಂಖ್ಯೆ 170: ಎರಡು ಸಲ 60, ಆಮೇಲೆ ನಟ್ಟನಡುವಿನ ಬುಲ್ 50. ಬುಲ್ ಕೂಡ ಡಬಲ್ ಲೆಕ್ಕವೇ. 169, 168, 166, 165, 163, 162, 159 ಈ ಸಂಖ್ಯೆಗಳನ್ನು ಮೂರು ಡಾರ್ಟಿನಲ್ಲಿ ಮುಗಿಸೋಕೇ ಆಗೋದಿಲ್ಲ. ಆಟಗಾರರು ಅವುಗಳ ಹತ್ತಿರ ಸುಳಿಯಬಾರದು ಅಂತ ನೋಡುತ್ತಾರೆ.

"ಅಂದ್ರೆ ಇದು ಕಳೆಯೋ ಲೆಕ್ಕ" ಅಂದ ಗೆಳೆಯ. ಅಷ್ಟರಲ್ಲಿ ಮಳೆ ನಿಂತಿತು. ಭಾರತ 171 ಹೊಡೆಯಿತು, ರೋಹಿತ್ 57. ಅಕ್ಷರ್ ಪಟೇಲ್ ಮತ್ತು ಕುಲದೀಪ್ ತಲಾ ಮೂರು ವಿಕೆಟ್ ತೆಗೆದು ಇಂಗ್ಲೆಂಡನ್ನು 103ಕ್ಕೆ ಸುತ್ತಿ ಹಾಕಿದರು. 68 ರನ್ನಿನ ಗೆಲುವು. ಲ್ಯಾಪ್‌ಟಾಪಿನಲ್ಲಿ ಏನಾಯಿತೋ ನನಗೂ ಸರಿಯಾಗಿ ನೆನಪಿಲ್ಲ.

ಶುಕ್ರವಾರ, ಜೂನ್ 28

ಯೂರೋ ಕಪ್ಪಿಗೆ ಅವತ್ತು ರಜೆ. ಊರು ಸ್ವಲ್ಪ ಉಸಿರಾಡುತ್ತಿತ್ತು. ಮೈನ್ ನದಿಯ ದಡದಲ್ಲಿ ಫುಟ್‌ಬಾಲ್ ಅಭಿಮಾನಿಗಳಿಗೆಂದು ಉದ್ದಕ್ಕೂ ಅಂಗಡಿ, ಬೆಂಚು. ನದಿಯ ನೀರಿನಲ್ಲೇ ನಿಲ್ಲಿಸಿದ್ದ ದೊಡ್ಡ ಪರದೆ ಖಾಲಿಯಾಗಿತ್ತು. ಐಸರ್ನರ್ ಸ್ಟೇಗ್ ಅನ್ನುವ ಕಬ್ಬಿಣದ ಕಾಲ್ಸೇತುವೆ ಮೇಲೆ ನಿಂತರೆ ಒಂದು ಕಡೆ ಬ್ಯಾಂಕುಗಳ ಗಾಜಿನ ಗೋಪುರ, ಇನ್ನೊಂದು ಕಡೆ ಸಾಕ್ಸೆನ್‌ಹೌಸೆನ್ನಿನ ಹಳೇ ಮನೆಗಳು.

ಮಧ್ಯಾಹ್ನ ಅಲ್ಲೇ ಊಟ. ಫ್ರಾಂಕ್‌ಫರ್ಟಿನವರ ಹೆಮ್ಮೆ 'ಗ್ರ್ಯೂನೆ ಜೋಸೆ', ಹಸಿರು ಸಾಸ್. ಏಳು ಬಗೆಯ ಸೊಪ್ಪು ಸಣ್ಣಗೆ ಹೆಚ್ಚಿ, ಹುಳಿ ಕೆನೆಯಲ್ಲಿ ಕಲಸಿ, ತಣ್ಣಗೆ ಬಡಿಸುತ್ತಾರೆ. ಜೊತೆಗೆ ಬೇಯಿಸಿದ ಆಲೂಗಡ್ಡೆ, ಮೊಟ್ಟೆ. ಮೊದಲ ತುತ್ತಿಗೇ ಅನ್ನಿಸಿತು, ಇದು ಮಲೆನಾಡಿನ ತಂಬುಳಿಯ ದೊಡ್ಡಣ್ಣ. ಒಗ್ಗರಣೆ ಒಂದು ಇಲ್ಲ ಅಷ್ಟೆ. ಜೊತೆಗೆ ಕೊಡುವ ಸೇಬಿನ ವೈನ್ ಬಗ್ಗೆ ನಾನು ಇಷ್ಟು ಹೊಗಳೋದಿಲ್ಲ. ಹುಳಿ. ಬೂದುಬಣ್ಣದ ಹೂಜಿಯಿಂದ ಗೀರು ಗೀರಿನ ಲೋಟಕ್ಕೆ ಸುರಿಯುವುದು ನೋಡೋಕೆ ಚೆಂದ. ಮೂರನೇ ಲೋಟದ ಹೊತ್ತಿಗೆ ರುಚಿ ಹತ್ತುತ್ತೆ ಅಂತಾರೆ. ನಾನು ಎರಡಕ್ಕೇ ನಿಲ್ಲಿಸಿದೆ, ಸಂಜೆ ಆಟ ನೋಡಬೇಕಿತ್ತಲ್ಲ.

ಕಾನ್‌ಸ್ಟಾಬ್ಲರ್‌ವಾಖೆಯಿಂದ ಯು7 ಮೆಟ್ರೋ ಹಿಡಿದರೆ ಕೆಲವೇ ನಿಲ್ದಾಣ. ಇಳಿಯುವ ನಿಲ್ದಾಣದ ಹೆಸರೇ ಐಸ್‌ಶ್ಪೋರ್ಟ್‌ಹಾಲೆ, ಐಸ್ ಆಟಗಳ ಸಭಾಂಗಣ. ಚಳಿಗಾಲದಲ್ಲಿ ಇಲ್ಲಿ ಲೋವೆನ್ ಫ್ರಾಂಕ್‌ಫರ್ಟ್ ತಂಡದ ಐಸ್ ಹಾಕಿ ನಡೆಯುತ್ತೆ. ಪಕ್ಕದ ಬಯಲಲ್ಲಿ ವರ್ಷಕ್ಕೆ ಎರಡು ಸಲ ಜಾತ್ರೆ. ಬೇಸಿಗೆಯಲ್ಲಿ ಐಸ್ ತೆಗೆದು, ನೆಲದ ತುಂಬ ಉದ್ದುದ್ದ ಮೇಜು ಹಾಕಿ, ಡಾರ್ಟ್ಸಿಗೆ ಬಿಟ್ಟುಕೊಡುತ್ತಾರೆ.

ಮೆಟ್ರೋ ಒಳಗೇ ಜಾತ್ರೆ ಶುರುವಾಗಿತ್ತು. ಬಾಳೆಹಣ್ಣಿನ ವೇಷದವರು, ಸನ್ಯಾಸಿನಿಯರ ವೇಷದ ಗಡ್ಡದವರು, ಮೈತುಂಬ ಪೊಲೀಸ್ ಬಟ್ಟೆ ಹಾಕಿದ ಒಂದು ಇಡೀ ಆಫೀಸು. ಡಾರ್ಟ್ಸ್ ನೋಡೋಕೆ ಸುಮ್ನೆ ಅಂಗಿ ಪ್ಯಾಂಟಿನಲ್ಲಿ ಹೋಗುವವನೇ ವಿಚಿತ್ರ ಅನ್ನಿಸುವಷ್ಟು. ಒಳಗೆ ಪ್ರತಿ ಸೀಟಿನ ಮೇಲೂ '180' ಅಂತ ಅಚ್ಚಾದ ರಟ್ಟು. ಹಿಂಬದಿ ಖಾಲಿ, ಏನಾದರೂ ಬರೆದು ಕ್ಯಾಮೆರಾಗೆ ತೋರಿಸಬಹುದು. ನಮ್ಮ ಸಾಲಿನವನೊಬ್ಬ ಬರೆದದ್ದು: "ಅಮ್ಮಾ, ನಾನು ಲೈಬ್ರರಿಯಲ್ಲಿದ್ದೀನಿ."

ಒಂದು ನಿಜ ಹೇಳಿಬಿಡಬೇಕು. ಅಷ್ಟು ದೂರದಿಂದ ಬೋರ್ಡು ಕಾಣೋದಿಲ್ಲ. ಬೋರ್ಡಿನ ಅಗಲ 45 ಸೆಂಟಿಮೀಟರ್. ಡಬಲ್ ಪಟ್ಟಿಯ ಅಗಲ ನಿಮ್ಮ ಕಿರುಬೆರಳಿಗಿಂತ ಕಡಿಮೆ. ಆಟಗಾರ ನಿಲ್ಲುವುದು ಅದರಿಂದ 2.37 ಮೀಟರ್ ದೂರದಲ್ಲಿ, ಬುಲ್ ಇರುವುದು ನೆಲದಿಂದ 1.73 ಮೀಟರ್ ಎತ್ತರದಲ್ಲಿ. ಸಾವಿರಾರು ಜನ ಒಟ್ಟಿಗೆ ಕೂತು ನೋಡುವುದು ಪರದೆಯನ್ನೇ. ಹಾಗಾದರೆ ಮನೆಯಲ್ಲೇ ಕೂತು ನೋಡಬಹುದಲ್ವಾ? ಬಹುದು. ಆದರೆ ಪರದೆಯಲ್ಲಿ ಕಾಣದ ಒಂದು ಸಂಗತಿ ಇಲ್ಲಿದೆ: ಆಡದೇ ನಿಂತವನು.

ಅದನ್ನು ನೋಡೋಕೇ ನಾನು ವೇದಿಕೆಗೆ ಓರೆಯಾದ ಸೀಟು ಹಿಡಿದಿದ್ದೆ. ವೇದಿಕೆ ಮೇಲೆ ನಾಲ್ವರು. ಒಬ್ಬ ಹೊಡೆಯುತ್ತಾನೆ, ಮೂವರು ಕಾಯುತ್ತಾರೆ. ಒಬ್ಬಂಟಿ ಆಟದಲ್ಲಿ ನನ್ನ ಸರದಿ, ನಿನ್ನ ಸರದಿ, ಮತ್ತೆ ನನ್ನದು. ಕೈ ಆರುವುದರೊಳಗೆ ತಿರುಗಿ ಗೆರೆಗೆ ಬಂದಿರುತ್ತಾನೆ. ಇಲ್ಲಿ ಹಾಗಲ್ಲ. ನಾನು ಹೊಡೆದ ಮೇಲೆ ಎದುರಾಳಿ, ಆಮೇಲೆ ನನ್ನ ಜೊತೆಗಾರ, ಆಮೇಲೆ ಇನ್ನೊಬ್ಬ ಎದುರಾಳಿ. ಅಷ್ಟಾದ ಮೇಲೆ ನಾನು. ಲಯದಲ್ಲಿ ಬದುಕುವ ಆಟಗಾರರಿಗೆ ಇದು ಹಿಂಸೆ. ಒಬ್ಬ ಕಾಯುತ್ತಾ ಡಾರ್ಟಿನ ತುದಿಯನ್ನು ಹೆಬ್ಬೆರಳಿಗೆ ಚುಚ್ಚಿಕೊಳ್ಳುತ್ತಿದ್ದ. ಇನ್ನೊಬ್ಬ ಗಾಳಿಯಲ್ಲೇ ಹೊಡೆದು ಹೊಡೆದು ಕೈ ಬಿಸಿ ಇಟ್ಟುಕೊಳ್ಳುತ್ತಿದ್ದ. ಮತ್ತೊಬ್ಬ ಬೋರ್ಡಿನ ಕಡೆ ನೋಡುತ್ತಲೇ ಇರಲಿಲ್ಲ. ಜೊತೆಗಾರ ಹೊಡೆಯುವಾಗ ನೆಲ ನೋಡುತ್ತಾ ನಿಂತು, ಅಂಕ ಕೂಗುವವರ ದನಿಯಿಂದಲೇ ಎಷ್ಟಾಯಿತು ಅಂತ ತಿಳಿದುಕೊಳ್ಳುತ್ತಿದ್ದ. ಕ್ಯಾಮೆರಾ ಇವರನ್ನು ತೋರಿಸೋದು ಅಪರೂಪ.

ಮೊದಲೆಲ್ಲ ಹೀಗಿರಲಿಲ್ಲ. 2022ರವರೆಗೆ ಹೆಚ್ಚಿನ ಸುತ್ತುಗಳಲ್ಲಿ ಎರಡು ಒಂಟಿ ಪಂದ್ಯ ಆಡಿಸಿ, ಸಮ ಆದರೆ ಮಾತ್ರ ಜೋಡಿ ಪಂದ್ಯ ಇಡುತ್ತಿದ್ದರು. 2023ರಿಂದ ಬರೀ ಜೋಡಿ ಆಟ. ಸ್ಟಾರ್ ಆಟಗಾರ ಒಬ್ಬನೇ ತಂಡವನ್ನು ಹೊತ್ತುಕೊಂಡು ಹೋಗುವ ದಾರಿ ಮುಚ್ಚಿತು. ನನ್ನ ಕೇಳಿದರೆ ಇದು ಈ ಟೂರ್ನಿಗೆ ಸಿಕ್ಕ ದೊಡ್ಡ ವರ. ಅಭಿಮಾನಿಗಳಲ್ಲಿ ಅರ್ಧ ಜನ ಇದಕ್ಕೆ ಒಪ್ಪೋದಿಲ್ಲ.

ಒಟ್ಟು 40 ದೇಶ. ಇಂಗ್ಲೆಂಡ್, ವೇಲ್ಸ್, ನೆದರ್ಲೆಂಡ್ಸ್, ಸ್ಕಾಟ್ಲೆಂಡ್ ನಾಲ್ಕೂ ಶನಿವಾರ ನೇರ ಬರುತ್ತವೆ. ಉಳಿದ 36 ದೇಶ ಮೂರು ಮೂರರ ಗುಂಪಿನಲ್ಲಿ ಆಡಿ, ಗುಂಪಿಗೊಂದು ಮಾತ್ರ ಉಳಿಯುತ್ತದೆ. ಮೊದಲು ನಾಲ್ಕು ಲೆಗ್ ಗೆದ್ದವರಿಗೆ ಪಂದ್ಯ. ಕಾಫಿ ತರೋಕೆ ಹೋಗಿ ಬಂದರೆ ಒಂದು ದೇಶ ಮನೆಗೆ ಹೋಗಿರುತ್ತೆ.

ಭಾರತದವರೂ ಕಳೆದ ಹತ್ತು ವರ್ಷದಲ್ಲಿ ಈ ಟೂರ್ನಿಗೆ ಬಂದಿದ್ದಾರೆ. ನಿತಿನ್ ಕುಮಾರ್, ಅಮಿತ್ ಗಿಲಿತ್ವಾಲಾ ಇಲ್ಲಿ ಆಡಿದವರು. ನಿತಿನ್ ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೇಸಿನ ವಿಶ್ವ ಚಾಂಪಿಯನ್‌ಷಿಪ್‌ನಲ್ಲೂ ಆಡಿದ್ದಾರೆ. ನಮ್ಮಲ್ಲಿ ಡಾರ್ಟ್ಸ್ ಅಂದರೆ ಇನ್ನೂ ಐಟಿ ಕಂಪನಿಯ ಆಟದ ಕೋಣೆ, ಇಲ್ಲವೇ ಬೆಂಗಳೂರಿನ ಪಬ್ಬಿನ ಮೂಲೆ. ನಾನೂ ಕಲಿತದ್ದು ಬನ್ನೇರುಘಟ್ಟ ರಸ್ತೆಯ ಆಫೀಸಿನಲ್ಲಿ, ಟೇಬಲ್ ಟೆನಿಸ್ ಮೇಜು ಖಾಲಿ ಇಲ್ಲದಾಗ.

ಶನಿವಾರ, ಜೂನ್ 29

ಭಯಂಕರ ಸೆಕೆ. ಸಂಜೆ ಡಾರ್ಟ್ಸ್, ಸಂಜೆಯೇ ಭಾರತ–ದಕ್ಷಿಣ ಆಫ್ರಿಕಾ ಫೈನಲ್, ರಾತ್ರಿ ಜರ್ಮನಿ–ಡೆನ್ಮಾರ್ಕ್ ಫುಟ್‌ಬಾಲ್. ಒಂದೇ ದಿನಕ್ಕೆ ಇಷ್ಟೊಂದು ಬೇಕಿರಲಿಲ್ಲ.

ಬೆಳಿಗ್ಗೆ ಹನ್ನೊಂದಕ್ಕೇ ಸಾಕ್ಸೆನ್‌ಹೌಸೆನ್ನಿನ ಒಂದು ಪಬ್ಬಿಗೆ ಹೋದೆ. ಹಿಂಭಾಗದಲ್ಲಿ ಎರಡು ಬೋರ್ಡು ಇದೆ ಅಂತ ಕೇಳಿದ್ದೆ. ಹಿಂದಿನ ಸಂಜೆಯ ಬಾಳೆಹಣ್ಣುಗಳಲ್ಲಿ ಇಬ್ಬರು ಆಗಲೇ ಅಲ್ಲಿದ್ದರು, ಸಿಪ್ಪೆ ಅರ್ಧ ಕಳಚಿಕೊಂಡು. ಜೋಡಿ ಆಡೋಣ ಅಂದರು. ನನಗೆ ಜೊತೆಗಾರ ಇಲ್ಲ. ಪಕ್ಕದ ಮೇಜಿನಲ್ಲಿ ಕೆಂಪು-ಬಿಳಿ-ಕೆಂಪು ಅಂಗಿ ಹಾಕಿಕೊಂಡು ಒಬ್ಬರು ಪೇಪರ್ ಓದುತ್ತಿದ್ದರು. ಅರವತ್ತರ ಮೇಲಿನ ವಯಸ್ಸು, ಆಸ್ಟ್ರಿಯಾದ ಲಿನ್ಜ್ ಊರಿನವರು. ಪೇಪರ್ ಮಡಿಸಿ, ಜೇಬಿನಿಂದ ತಮ್ಮದೇ ಡಾರ್ಟ್ ತೆಗೆದರು. ಹಿತ್ತಾಳೆಯವು, ಹಳೆಯವು, ಹಿಡಿಯುವ ಜಾಗ ಸವೆದು ನುಣ್ಣಗಾಗಿತ್ತು.

ಆಟ ಚೆನ್ನಾಗೇ ಹೋಗುತ್ತಿತ್ತು. ನಮಗೆ 48 ಉಳಿದಿತ್ತು, ನನ್ನ ಕೈಯಲ್ಲಿ ಒಂದೇ ಡಾರ್ಟ್. 48 ಒಂದು ಡಾರ್ಟಿನಲ್ಲಿ ಮುಗಿಯೋದಿಲ್ಲ. ಅಂದರೆ ಮುಗಿಸುವುದು ಅವರ ಸರದಿಯಲ್ಲಿ. ನಾನು ಸುಮ್ನೆ ಗುರಿ ಹಿಡಿದೆ. ಅವರು "ನಿಲ್ಲು" ಅಂದರು. "ನನಗೆ ಏನು ಬೇಕು ಅಂತ ಕೇಳಿಲ್ಲ ನೀನು."

ಬೋರ್ಡಿನ ಹತ್ತಿರ ಕರೆದುಕೊಂಡು ಹೋಗಿ ಬೆರಳಿಟ್ಟು ತೋರಿಸಿದರು. 8 ಹೊಡೆದರೆ 40 ಉಳಿಯುತ್ತೆ, ಡಬಲ್ 20. 16 ಹೊಡೆದರೆ 32, ಡಬಲ್ 16. 20 ಹೊಡೆದರೆ 28, ಡಬಲ್ 14. ಮೂರೂ ದಾರಿಯೇ. ಈಗ ನೋಡು, 16 ಮತ್ತು 8 ಅಕ್ಕಪಕ್ಕ ಇವೆ. 16ಕ್ಕೆ ಹೊಡೆದು ಕೆಳಗೆ ಜಾರಿ 7ಕ್ಕೆ ಬೀಳದೇ ಮೇಲೆ 8ಕ್ಕೆ ಬಿದ್ದರೂ ಒಳ್ಳೆಯದೇ. "ನನಗೆ 32 ಇಷ್ಟ. ಯಾಕೆ ಗೊತ್ತಾ?" ಡಬಲ್ 16 ತಪ್ಪಿ ಒಳಗೆ ಬರೀ 16 ಬಿದ್ದರೆ 16 ಉಳಿಯುತ್ತೆ, ಅದು ಡಬಲ್ 8. ಅದೂ ಹಾಗೇ ತಪ್ಪಿದರೆ ಡಬಲ್ 4. ಆಮೇಲೆ ಡಬಲ್ 2, ಡಬಲ್ 1. ಅರ್ಧ, ಅರ್ಧ, ಅರ್ಧ. ಎಷ್ಟು ಸಲ ಎಡವಿದರೂ ಬಾಗಿಲು ತೆರೆದೇ ಇರುತ್ತೆ. 28ರಲ್ಲಿ ಆ ಸುಖ ಇಲ್ಲ. ಒಮ್ಮೆ ತಪ್ಪಿದರೆ 14, ಇನ್ನೊಮ್ಮೆ ತಪ್ಪಿದರೆ 7. ಬೆಸ ಸಂಖ್ಯೆ, ಮತ್ತೆ ಒಂದು ಡಾರ್ಟ್ ಖರ್ಚು ಮಾಡಿ ಸರಿಮಾಡಿಕೊಳ್ಳಬೇಕು.

"ಹಾಗಾದ್ರೆ 28 ಯಾರಿಗೆ ಬೇಕು?" ಅಂದೆ.

"ನಮ್ಮ ಮೆನ್ಸೂರ್‌ಗೆ" ಅಂದರು.

ಮೆನ್ಸೂರ್ ಸುಲ್ಯೊವಿಚ್ ಬಗ್ಗೆ ಅವರು ಮಾತಾಡಿದ್ದು ಒಂದು ಲೋಟ ಬಿಯರ್ ಮುಗಿಯುವವರೆಗೂ. ಆಗಿನ ಯುಗೊಸ್ಲಾವಿಯಾದ, ಈಗಿನ ಸೆರ್ಬಿಯಾದ ಟುಟಿನ್ ಊರಿನಲ್ಲಿ 1972ರಲ್ಲಿ ಹುಟ್ಟಿದವರು. ವಿಯೆನ್ನಾಗೆ ಬಂದು ಆಸ್ಟ್ರಿಯಾ ಪರ ಆಡಿದರು. ನಡುವೆ ಡಾರ್ಟೈಟಿಸ್ ಬಂತು. ಡಾರ್ಟ್ಸಿನವರು ಹೆಸರು ಹೇಳೋಕೂ ಹೆದರುವ ಕಾಯಿಲೆ ಅದು. ಕೈಯಲ್ಲಿ ಏನೂ ನೋವಿರೋದಿಲ್ಲ. ಆದರೆ ಬಿಡಬೇಕಾದ ಕ್ಷಣಕ್ಕೆ ಬೆರಳು ಬಿಡೋದಿಲ್ಲ. ಅದರಿಂದ ಹೊರಗೆ ಬಂದು ವಿಶ್ವದ ಮೇಲಿನ ಸಾಲಿಗೆ ಹೋದವರು ಕಡಿಮೆ, ಇವರೊಬ್ಬರು. ಎಲ್ಲರೂ 32 ಅಥವಾ 40ಕ್ಕೆ ಹೋಗುವಾಗ ಇವರು ಸುತ್ತು ಹಾಕಿಕೊಂಡು ಡಬಲ್ 14ಕ್ಕೇ ಹೋಗುತ್ತಾರೆ. ಲೆಕ್ಕ ಬಲ್ಲವರಿಗೆ ಅದು ಹುಚ್ಚು. ಅವರಿಗೆ ಅದು ಮನೆ.

"ಈಗ ರೊಡ್ರಿಗೆಜ್ ಏನು ಮಾಡಬೇಕು ಹೇಳು?" ಅಂದರು. ರೋಬಿ-ಜಾನ್ ರೊಡ್ರಿಗೆಜ್ ಸುಲ್ಯೊವಿಚ್ ಅವರ ಜೊತೆಗಾರ. ವಿಯೆನ್ನಾದಲ್ಲೇ ಹುಟ್ಟಿದ ಹುಡುಗ, ಮನೆತನದ ಬೇರು ಫಿಲಿಪ್ಪೀನ್ಸ್‌ನಲ್ಲಿ. 48 ಉಳಿದರೆ ತನ್ನ ಕೈ ಎಲ್ಲಿಗೆ ಹೋಗುತ್ತೋ ಅಲ್ಲಿಗಲ್ಲ, ಸುಲ್ಯೊವಿಚ್ ಎಲ್ಲಿ ನಿಲ್ಲೋಕೆ ಇಷ್ಟಪಡುತ್ತಾರೋ ಅಲ್ಲಿಗೆ ಹೊಡೆಯಬೇಕು. ಇಪ್ಪತ್ತೆಂಟು ಉಳಿಸಬೇಕು.

ನಾನು 16 ಹೊಡೆದೆ. ಅವರು ಎರಡನೇ ಡಾರ್ಟಿನಲ್ಲೇ ಮುಗಿಸಿದರು. ಬಾಳೆಹಣ್ಣುಗಳು ಬಿಯರ್ ಕೊಡಿಸಿದವು.

ಸಂಜೆಯ ಡಾರ್ಟ್ಸ್ ಬಗ್ಗೆ ಏನು ಬರೆಯಲಿ? ಕಣ್ಣು ವೇದಿಕೆ ಮೇಲಿತ್ತು, ಜೀವ ಬಾರ್ಬಡೋಸಿನಲ್ಲಿತ್ತು. ಮೇಜಿನ ಕೆಳಗೆ ಫೋನ್. ಭಾರತ 176, ಕೊಹ್ಲಿ 76. ಆಮೇಲೆ ಕ್ಲಾಸೆನ್ ಹೊಡೆಯೋಕೆ ಶುರು ಮಾಡಿದಾಗ ಫೋನ್ ಆಫ್ ಮಾಡಿ ಜೇಬಿಗೆ ಹಾಕಿದೆ. ಎರಡು ನಿಮಿಷಕ್ಕೆ ಮತ್ತೆ ತೆಗೆದೆ. ಕೊನೆಯ ಓವರಿಗೆ 16 ಬೇಕು. ಹಾರ್ದಿಕ್ ಪಾಂಡ್ಯ ಬೌಲಿಂಗ್. ಮೊದಲ ಚೆಂಡನ್ನೇ ಮಿಲ್ಲರ್ ಎತ್ತಿ ಹೊಡೆದ. ಬೌಂಡರಿ ಗೆರೆಯ ಹತ್ತಿರ ಸೂರ್ಯಕುಮಾರ್ ಹಿಡಿದು, ಒಳಗೆ ಎಸೆದು, ಹೊರಗೆ ಕಾಲಿಟ್ಟು, ಮತ್ತೆ ಒಳಗೆ ಬಂದು ಹಿಡಿದರು. ನಾನು ಕುರ್ಚಿ ಬಿಟ್ಟು ಎದ್ದು ಕೂಗಿದೆ. ವೇದಿಕೆ ಮೇಲೆ ಆಗ ಯಾರೋ ಸಾಧಾರಣ 45 ಹೊಡೆದಿದ್ದರು. ಸುತ್ತಲಿನವರು ನನ್ನನ್ನು ಆ ದೇಶದ ಕಟ್ಟಾ ಅಭಿಮಾನಿ ಅಂದುಕೊಂಡು ಬೆನ್ನು ತಟ್ಟಿದರು.

ಏಳು ರನ್ನಿನಿಂದ ಗೆದ್ದೆವು. ಸ್ವಲ್ಪ ಹೊತ್ತಿಗೆ ದ್ರಾವಿಡ್ ಕಪ್ ಎತ್ತಿ ಕೂಗುವ ವಿಡಿಯೋ ಬಂತು. 2007ರಲ್ಲಿ ಇದೇ ವೆಸ್ಟ್ ಇಂಡೀಸ್‌ನಲ್ಲಿ ನಾಯಕರಾಗಿ ಮೊದಲ ಸುತ್ತಿನಲ್ಲೇ ಹೊರಬಿದ್ದವರು. ಎಂದೂ ದನಿ ಎತ್ತದ ಮನುಷ್ಯ ಹಾಗೆ ಕೂಗುವುದನ್ನು ನೋಡಿ ಕಣ್ಣು ತುಂಬಿತು. ಪಕ್ಕದ ಸನ್ಯಾಸಿನಿ ಟಿಶ್ಯೂ ಕೊಟ್ಟಳು, ಅಲ್ಲ, ಕೊಟ್ಟ.

ಒಂಬತ್ತು ಗಂಟೆಗೆ ಎಲ್ಲರ ಫೋನೂ ಹೊರಬಂತು. ಡೋರ್ಟ್‌ಮುಂಡ್‌ನಲ್ಲಿ ಜರ್ಮನಿಯ ಪಂದ್ಯ, ನಡುವೆ ಗುಡುಗು ಸಿಡಿಲಿಗೆ ಆಟ ನಿಂತಿತು. ಕೊನೆಗೆ 2–0 ಗೆದ್ದರು. ಆ ರಾತ್ರಿ ಯು7 ರೈಲಿನಲ್ಲಿ ಇಡೀ ಬೋಗಿಯಲ್ಲಿ ಸಂಭ್ರಮ. ನನಗೊಬ್ಬನಿಗೆ ಮಾತ್ರ ಕಾರಣ ಬೇರೆ. ಗೆಳೆಯನ ಮನೆ ತಲುಪಿದಾಗ ಅಲ್ಲಿ ಕನ್ನಡದವರು ಹತ್ತು ಹನ್ನೆರಡು ಜನ ಸೇರಿದ್ದರು, ಯಾರೂ ಮಲಗುವ ಲಕ್ಷಣ ಇರಲಿಲ್ಲ.

ಭಾನುವಾರ, ಜೂನ್ 30

ಮಧ್ಯಾಹ್ನ ಕ್ವಾರ್ಟರ್ ಫೈನಲ್, ಸಂಜೆ ಸೆಮಿ ಮತ್ತು ಫೈನಲ್. ನಿದ್ದೆ ಇಲ್ಲದೇ ಹೋಗಿದ್ದೆ, ಮಧ್ಯಾಹ್ನದ ಆಟ ಅರ್ಧ ಮಂಪರಿನಲ್ಲಿ ಕಳೆಯಿತು. ಲಿನ್ಜಿನ ಯಜಮಾನರು ಮಾತ್ರ ಇಸ್ತ್ರಿ ಮಾಡಿದ ಅಂಗಿಯಲ್ಲಿ ಬಂದಿದ್ದರು. ಪಕ್ಕದವರ ಹತ್ತಿರ ಸೀಟು ಬದಲಾಯಿಸಿಕೊಂಡು ನನ್ನ ಜೊತೆ ಕೂತರು.

ಸಂಜೆ ಒಂದು ತಮಾಷೆ ನಡೆಯಿತು. ಗೆಲ್ಸನ್‌ಕಿರ್ಷೆನ್ನಿನಲ್ಲಿ ಇಂಗ್ಲೆಂಡ್ ಫುಟ್‌ಬಾಲ್ ತಂಡ ಸ್ಲೊವಾಕಿಯಾ ಎದುರು 0–1 ಹಿಂದಿತ್ತು. ಸಭಾಂಗಣದಲ್ಲಿದ್ದ ಇಂಗ್ಲಿಷ್ ಅಭಿಮಾನಿಗಳು ಮೇಜಿನ ಮೇಲೆ ತಲೆ ಇಟ್ಟು ಕೂತಿದ್ದರು. ಇದ್ದಕ್ಕಿದ್ದ ಹಾಗೆ ಒಂದು ಮೂಲೆ ಸಿಡಿದೆದ್ದಿತು, ಬಿಯರ್ ಗಾಳಿಗೆ ಹಾರಿತು. ವೇದಿಕೆ ಮೇಲೆ ಏನೂ ಆಗಿರಲಿಲ್ಲ. 95ನೇ ನಿಮಿಷದಲ್ಲಿ ಬೆಲ್ಲಿಂಗಮ್ ಹಿಮ್ಮುಖವಾಗಿ ಹಾರಿ ಗೋಲು ಹೊಡೆದಿದ್ದ. ಹೆಚ್ಚುವರಿ ಸಮಯದ ಶುರುವಿನಲ್ಲೇ ಹ್ಯಾರಿ ಕೇನ್ ಇನ್ನೊಂದು. ಹಿಂದಿನ ದಿನ ನನ್ನ ಸ್ಥಿತಿಯಲ್ಲಿದ್ದವರನ್ನು ನೋಡಿ ಖುಷಿಯಾಯಿತು.

ಫೈನಲ್‌ಗೆ ಉಳಿದದ್ದು ಇಂಗ್ಲೆಂಡ್ ಮತ್ತು ಆಸ್ಟ್ರಿಯಾ.

ಇಂಗ್ಲೆಂಡ್ ಜೋಡಿ ಲ್ಯೂಕ್ ಹಂಫ್ರೀಸ್ ಮತ್ತು ಮೈಕೆಲ್ ಸ್ಮಿತ್. ಹಂಫ್ರೀಸ್ 2024ರ ವಿಶ್ವ ಚಾಂಪಿಯನ್, ಸ್ಮಿತ್ 2023ರ ವಿಶ್ವ ಚಾಂಪಿಯನ್. ಆದರೂ ಆ ತಿಂಗಳು ಪೂರ್ತಿ ಚರ್ಚೆ ನಡೆದದ್ದು ತಂಡದಲ್ಲಿ ಇಲ್ಲದ ಹುಡುಗನ ಬಗ್ಗೆ. 17ರ ಲ್ಯೂಕ್ ಲಿಟ್ಲರ್ ಜನವರಿಯಲ್ಲಿ ವಿಶ್ವ ಚಾಂಪಿಯನ್‌ಷಿಪ್ ಫೈನಲ್ ತಲುಪಿ ಹಂಫ್ರೀಸ್‌ಗೆ 7–4ರಲ್ಲಿ ಸೋತಿದ್ದ. ಮೇ ತಿಂಗಳಲ್ಲಿ ಅದೇ ಹಂಫ್ರೀಸ್ ಅವರನ್ನು 11–7ರಲ್ಲಿ ಸೋಲಿಸಿ ಡಾರ್ಟ್ಸಿನ ಪ್ರೀಮಿಯರ್ ಲೀಗ್ ಗೆದ್ದಿದ್ದ. ಆದರೆ ಆಯ್ಕೆ ನಡೆಯುವುದು ರ್‍ಯಾಂಕಿಂಗ್ ಮೇಲೆ. ರ್‍ಯಾಂಕಿಂಗ್ ಅಂದರೆ ಎರಡು ವರ್ಷದಲ್ಲಿ ಗೆದ್ದ ಬಹುಮಾನದ ದುಡ್ಡು. ಹುಡುಗ ಬಂದು ಆರು ತಿಂಗಳಷ್ಟೇ ಆಗಿತ್ತು. ದೇಶದ ಮೊದಲ ಇಬ್ಬರು ಹೋಗುತ್ತಾರೆ, ಆಯ್ಕೆ ಸಮಿತಿ ಇಲ್ಲ, ಶಿಫಾರಸು ಇಲ್ಲ. ನಮ್ಮ ಊರಿನ ಯಾವ ತಂಡದ ಆಯ್ಕೆಯೂ ಇಷ್ಟು ಸರಳವಾಗಿ ನಡೆದದ್ದು ನಾನು ಕೇಳಿಲ್ಲ.

ಎದುರಿಗೆ ಸುಲ್ಯೊವಿಚ್, 52 ವರ್ಷ, ಜೊತೆಗೆ ರೊಡ್ರಿಗೆಜ್. ಈ ಇಬ್ಬರೇ 2021ರಲ್ಲೂ ಯೇನಾದಲ್ಲಿ ಫೈನಲ್ ಆಡಿ ಸ್ಕಾಟ್ಲೆಂಡಿಗೆ ಸೋತಿದ್ದರು. ವೇದಿಕೆಗೆ ಬರುವಾಗ ಸಭಾಂಗಣ ಅವರ ಕಡೆಗಿತ್ತು. ಜರ್ಮನ್ನರಿಗೆ ಇಂಗ್ಲೆಂಡ್ ಸೋಲಬೇಕಿತ್ತು ಅನ್ನುವುದೂ ಒಂದು ಕಾರಣ, ಮುಚ್ಚಿಡೋದೇನು. ಇಲ್ಲಿನ ಜನರ ಕೆಟ್ಟ ಚಟ ಶಿಳ್ಳೆ. ತಮಗೆ ಬೇಡದವನು ಡಬಲ್‌ಗೆ ಗುರಿ ಹಿಡಿದ ಕೂಡಲೇ ಸಾವಿರಾರು ಜನ ಒಟ್ಟಿಗೆ ಶಿಳ್ಳೆ ಹಾಕುತ್ತಾರೆ. ಕಿವಿ ಗುಂಯ್ಗುಡುತ್ತೆ. ನನಗಿದು ಇಷ್ಟವಾಗಲಿಲ್ಲ. ಯಜಮಾನರಿಗೂ ಇಷ್ಟವಿಲ್ಲ. ಆದರೂ ಸ್ಮಿತ್ ಗೆರೆಗೆ ಬಂದಾಗ ಅವರ ತುಟಿ ತಾನಾಗೇ ಗುಂಡಗಾಗುತ್ತಿದ್ದುದನ್ನು ನಾನು ಕಂಡೆ.

ಸುಲ್ಯೊವಿಚ್ ಹೊಡೆಯುವ ರೀತಿ ಹೇಳಲೇಬೇಕು. ಹಂಫ್ರೀಸ್ ಕೈ ನೀರಿನ ಹಾಗೆ ಹರಿಯುತ್ತೆ, ಮೂರು ಡಾರ್ಟ್ ಹೋದದ್ದೇ ಗೊತ್ತಾಗೋದಿಲ್ಲ. ಇವರು ಗೆರೆಗೆ ಬರುತ್ತಾರೆ, ಗುರಿ ಹಿಡಿಯುತ್ತಾರೆ, ಕೈ ಸ್ವಲ್ಪ ಮುಂದೆ ಹೋಗಿ ನಿಲ್ಲುತ್ತೆ, ಹಿಂದೆ ಬರುತ್ತೆ. ಬಿಟ್ಟರೋ ಇಲ್ಲವೋ ಅನ್ನುವಷ್ಟರಲ್ಲಿ ಒಂದು ಸಣ್ಣ ಜರ್ಕ್. ಡಾರ್ಟ್ ಹೋಗಿರುತ್ತೆ. ಹಳೇ ಕಾಯಿಲೆಯ ಗುರುತು ಇನ್ನೂ ಕೈಯಲ್ಲೇ ಇದೆ ಅಂತ ನನಗನ್ನಿಸಿತು. ಆ ನಿಧಾನ ಎದುರಾಳಿಗಳಿಗೂ ಕಷ್ಟ, ಜೊತೆಗಾರನಿಗೂ ಕಷ್ಟ. ರೊಡ್ರಿಗೆಜ್ ಹಿಂದೆ ಕೈಕಟ್ಟಿ ನಿಂತು ಕಾಯುತ್ತಿದ್ದ. ತನ್ನ ಸರದಿಯ ಕೊನೆಯ ಡಾರ್ಟಿಗೆ ಮೊದಲು ಒಂದು ಕ್ಷಣ ತಿರುಗಿ ನೋಡುತ್ತಿದ್ದ. ಏನೋ ಒಂದು ಮಾತು. ಯಜಮಾನರು ಪ್ರತಿ ಸಲವೂ ನನ್ನ ಮೊಣಕೈ ತಿವಿದು ಪರದೆಯ ಮೂಲೆಯಲ್ಲಿ ಉಳಿದ ಸಂಖ್ಯೆ ತೋರಿಸುತ್ತಿದ್ದರು. 28 ಬಂದರೆ ಮುಖ ಅರಳುತ್ತಿತ್ತು. 32 ಬಂದರೆ "ಪರವಾಗಿಲ್ಲ" ಅನ್ನುವ ಹಾಗೆ ತಲೆ ಆಡಿಸುತ್ತಿದ್ದರು.

ಇಂಗ್ಲೆಂಡ್ ಜೋಡಿಗೆ ಇಷ್ಟು ಮಾತುಕತೆ ಬೇಕಿರಲಿಲ್ಲ. ಅದೇ ಅವರ ಬಲ. ಒಬ್ಬ ಎಲ್ಲಿ ಬಿಟ್ಟರೂ ಇನ್ನೊಬ್ಬ ಎತ್ತಿಕೊಳ್ಳುತ್ತಿದ್ದ. ಹೆಚ್ಚಿನ ಲೆಗ್‌ಗಳಲ್ಲಿ ಡಬಲ್ ಹೊತ್ತಿಗೆ ಅವರು ಒಂದು ಸರದಿ ಮುಂದಿರುತ್ತಿದ್ದರು. 28 ಉಳಿಸಿ ಏನು ಮಾಡೋದು, ನಿಮ್ಮ ಸರದಿಯೇ ಬರದಿದ್ದರೆ?

10–6. ಇಂಗ್ಲೆಂಡಿಗೆ ಕಪ್. ಫಿಲ್ ಟೇಲರ್ ಮತ್ತು ಏಡ್ರಿಯನ್ ಲೂಯಿಸ್ ಜೋಡಿ 2012, 2013, 2015, 2016ರಲ್ಲಿ ಗೆದ್ದ ಮೇಲೆ ಇದೇ ಮೊದಲು. ಇದು ಐದನೆಯದು, ನಾಲ್ಕು ಕಪ್ಪಿನ ನೆದರ್ಲೆಂಡ್ಸ್ ಹಿಂದೆ ಬಿತ್ತು. ಗೆದ್ದ ಜೋಡಿಗೆ 80,000 ಪೌಂಡ್. ಸ್ಮಿತ್ ಮತ್ತು ಹಂಫ್ರೀಸ್ ತಬ್ಬಿಕೊಂಡರು. ಲಿಟ್ಲರ್ ಬೇಕಿತ್ತು ಅಂದವರಿಗೆ ಬೇರೆ ಉತ್ತರ ಬೇಕಿರಲಿಲ್ಲ. ಶಿಳ್ಳೆ ಹಾಕಿದ ಜನರೇ ಎದ್ದು ಚಪ್ಪಾಳೆ ತಟ್ಟಿದರು.

ಯಜಮಾನರು ಬೇಜಾರು ಮಾಡಿಕೊಂಡ ಹಾಗೆ ಕಾಣಲಿಲ್ಲ. "ಫೈನಲ್‌ನಲ್ಲಿ ಆರು ಲೆಗ್" ಅಂದರು, ಅದೇ ಒಂದು ಕಪ್ ಅನ್ನುವ ಹಾಗೆ. ಆಮೇಲೆ ರೊಡ್ರಿಗೆಜ್ ಯಾವ ಸರದಿಯಲ್ಲಿ ಏನು ಉಳಿಸಬೇಕಿತ್ತು ಅಂತ ಮೆಟ್ರೋ ಬರುವವರೆಗೂ ವಿವರಿಸಿದರು. ನನಗೆ ಅರ್ಧ ಅರ್ಥವಾಯಿತು.

ಸೋಮವಾರ, ಜುಲೈ 1

ಅವತ್ತು ರಾತ್ರಿ ಫ್ರಾಂಕ್‌ಫರ್ಟಿನಲ್ಲಿ ಪೋರ್ಚುಗಲ್–ಸ್ಲೊವೇನಿಯಾ ಫುಟ್‌ಬಾಲ್. ನಿಲ್ದಾಣದಲ್ಲಿ ಕೆಂಪು ಅಂಗಿ, ಹಸಿರು ಅಂಗಿ, ಡೋಲು. ಡಾರ್ಟ್ಸಿನವರ ಗುರುತು ಸುಲಭ: ನಿದ್ದೆಗೆಟ್ಟ ಕಣ್ಣು, ಬಗಲಲ್ಲಿ ಮಡಚಿದ '180' ರಟ್ಟು. ನನ್ನ ರೈಲು ಈ ಸಲ ಸರಿಯಾದ ಹೊತ್ತಿಗೆ ಬಂತು. ಅದನ್ನೂ ದಾಖಲಿಸಬೇಕು.

ಮುಂದಿನ ವರ್ಷ ಜೂನ್‌ನಲ್ಲಿ ನಾನು ಊರಿಗೆ ಹೋಗಿದ್ದೆ, ಹಾಗಾಗಿ 2025ರ ವಿಶ್ವಕಪ್ ತಪ್ಪಿತು. ಫಲಿತಾಂಶ ಮಾತ್ರ ಫೋನಿನಲ್ಲಿ ನೋಡಿದೆ. ಈ ಸಲ ರ್‍ಯಾಂಕಿಂಗ್ ಪ್ರಕಾರವೇ ಲಿಟ್ಲರ್ ತಂಡದಲ್ಲಿದ್ದ, ಜೊತೆಗೆ ಹಂಫ್ರೀಸ್. ವಿಶ್ವದ ಅತ್ಯುತ್ತಮ ಇಬ್ಬರು ಒಂದೇ ಕಡೆ, ಇನ್ನೇನು ಬೇಕು ಅಂತ ಎಲ್ಲರೂ ಬರೆದಿದ್ದರು. ಅದೇ ಐಸ್‌ಶ್ಪೋರ್ಟ್‌ಹಾಲೆಯಲ್ಲಿ, ಆಡಿದ ಮೊದಲ ಪಂದ್ಯದಲ್ಲೇ, ಜರ್ಮನಿಯ ಮಾರ್ಟಿನ್ ಶಿಂಡ್ಲರ್ ಮತ್ತು ರಿಕಾರ್ಡೊ ಪೀಟ್ರೆಟ್ಸ್ಕೊ ಜೋಡಿಗೆ 8–4ರಲ್ಲಿ ಸೋತು ಮನೆಗೆ ಹೋದರು. ಕಪ್ ಹೋದದ್ದು ಉತ್ತರ ಐರ್ಲೆಂಡಿನ ಜಾಶ್ ರಾಕ್ ಮತ್ತು ಡ್ಯಾರಿಲ್ ಗರ್ನಿಗೆ. ಫೈನಲ್‌ನಲ್ಲಿ ವೇಲ್ಸ್ ಎದುರು 10–9, ಕೊನೆಯ ಲೆಗ್‌ವರೆಗೂ ಹೋಗಿ.